ನಮ್ಮನೆ ಟೈಮೇ ಬೇರೆ ಮಾರಾಯ್ರೆ

ಮಂಡೆ ಬಿಸಿಯಾಗಿ ಬರೀತಾ ಇದ್ದೇನೆ, ಸ್ವಲ್ಪ ಉದ್ದ ಆದ್ರೆ ಸುಧಾರಿಸ್ಕೊಳ್ಳಿ.

ನಮ್ಮ ಚಾವಡಿಯಲ್ಲಿ ಟೀವಿ ಪಕ್ಕ ಒಂದು ಕಪ್ಪು ಡಬ್ಬಿ ಉಂಟು. ಹೆಸರು ಲೋಕಾಂತರ ಕಾಲ ಸಂಕೇತ ಸಮನ್ವಯ ಯಂತ್ರ. ಏಳು ಆಯಾಮದ ಟೈಮನ್ನೂ ಸಿಗ್ನಲನ್ನೂ ಒಂದೇ ತಾಳಕ್ಕೆ ತರ್ತದಂತೆ. ಕ್ರಯ 18,500 ರೂಪಾಯಿ. ಕೆಲಸ ಎಂತ ಕೇಳಿದ್ರೆ, ನೀಲಿ ಲೈಟ್ ಮಿಣಿಮಿಣಿ ಮಾಡುದು. ಮುಗೀತು.

ಉಡುಪಿಯಲ್ಲಿ ಯಾವುದೋ ಹಾಲಲ್ಲಿ ವಯಸ್ಸಾದವರಿಗೆ ಫ್ರೀ ಬಿಪಿ ಚೆಕಪ್, ಮಧ್ಯಾಹ್ನ ಊಟ ಅಂತ ಕರ್ದಿದ್ರು, ಅಪ್ಪ ಹೋದ್ರು. ಬರುವಾಗ ಬಿಪಿ ಚೀಟಿ ಇಲ್ಲ, ಕೈಯಲ್ಲಿ ಡಬ್ಬಿ. ಬಸಳೆ ಕಟ್ಟಿಗೆ ಐದು ರೂಪಾಯಿ ಜಾಸ್ತಿ ಹೇಳಿದ್ರೆ ಅಂಗಡಿಯಿಂದ ಇಳಿದು ಬರುವ ಜನ ಅವರು!

ನನಗೆ ಹೊಟ್ಟೆ ಉರಿಯುದು ದುಡ್ಡಿಗಲ್ಲ. ಆ ಮಾರುವವ ಪೂರಾ ಸುಳ್ಳು ಹೇಳಿದ್ರೆ ಅಪ್ಪ ಬೀಳ್ತಾನೇ ಇರ್ಲಿಲ್ಲ, ಅವ ಮುಕ್ಕಾಲು ನಿಜ ಹೇಳಿದ್ದಾನೆ, ಅದೇ ಕಿತಾಪತಿ. ನಮ್ಮ ದೇಶದ ಗಡಿಯಾರ ಓಡುದು ಮಿರ್ಜಾಪುರದ ಹತ್ರ ಹಾದು ಹೋಗುವ 82.5 ಡಿಗ್ರಿ ರೇಖಾಂಶದ ಲೆಕ್ಕಕ್ಕೆ, ಉಡುಪಿ ಇರುದು ಸುಮಾರು 74.75ರಲ್ಲಿ, ಡಿಗ್ರಿಗೆ 4 ನಿಮಿಷ ಹಿಡಿದ್ರೆ ನಮ್ಮ ಸೂರ್ಯ 31 ನಿಮಿಷ ಲೇಟ್. ಇದು ನಿಜ. ಬೊಂಬಾಯಿಯಲ್ಲಿ 39 ನಿಮಿಷ ಹಿಂದಿನ ಅವರದ್ದೇ ಬೇರೆ ಟೈಮ್ 1955ರವರೆಗೂ ಇತ್ತು, ಇದೂ ನಿಜ, ನಮ್ಮಜ್ಜ ಅಲ್ಲಿ ಹೋಟೆಲಲ್ಲಿ ಲೋಟ ತೊಳೀತಿದ್ದಾಗ ಎರಡೆರಡು ಟೈಮ್ ನೋಡಿದ್ರಂತೆ. ಆಮೇಲೆ ಭಾಗವತದ ಕಕುದ್ಮಿ ಕತೆ ತೆಗ್ದಿದ್ದಾನೆ, ಮಗಳು ರೇವತಿಗೆ ಗಂಡು ಕೇಳ್ಲಿಕ್ಕೆ ಬ್ರಹ್ಮಲೋಕಕ್ಕೆ ಹೋದ ರಾಜ, ಅಲ್ಲಿ ಒಂದು ಹಾಡು ಮುಗಿಯುವಷ್ಟರಲ್ಲಿ ಇಲ್ಲಿ 27 ಚತುರ್ಯುಗ ಕಳೆದಿತ್ತು. ಅಪ್ಪ ಅಲ್ಲಿಗೆ ಫ್ಲಾಟ್. ಅಷ್ಟು ಹೊತ್ತು ನಿಜ ಕೇಳಿದ ಮನುಷ್ಯನಿಗೆ ಕೊನೆಗೆ ಬಂದ ಡಬ್ಬಿ ಮಾತ್ರ ಸುಳ್ಳು ಅಂತ ಹೇಗೆ ಗೊತ್ತಾಗ್ಬೇಕು ಹೇಳಿ.

ಈಗ ಡಬ್ಬಿ ಕೆಲಸ ಮಾಡ್ಬೇಕಾದ್ರೆ ಮನೆಯ ಗಡಿಯಾರ ಊರಿನ ಸೂರ್ಯನಿಗೆ ಸರಿ ಇರ್ಬೇಕಂತೆ. ಸೋ ಚಾವಡಿ ಗಡಿಯಾರ 31 ನಿಮಿಷ ಹಿಂದೆ. ಅಡುಗೆ ಮನೆಯದ್ದೂ.

ಮೊನ್ನೆ ಅಮ್ಮನ ತಮ್ಮನ ಮಗಳ ಮದುವೆ ಮೂಲ್ಕಿಯಲ್ಲಿ, ಮುಹೂರ್ತ 12:20ಕ್ಕೆ. ನಾನು ಮಂಗಳೂರಿಂದ ಸೀದಾ ಹಾಲಿಗೆ ಹೋಗಿದ್ದೆ. ಇವರು ಗಡಿಯಾರ ನೋಡಿ ಇನ್ನೂ ಟೈಮುಂಟು ಅಂತ ಆರಾಮಲ್ಲಿ ಕಾಪಿ ಕುಡಿದು, ಅಮ್ಮ ಎರಡು ಸಲ ಸೆರಗು ಸರಿ ಮಾಡಿ, ಪಡುಬಿದ್ರಿಯಲ್ಲಿ ಬೊಂಡ ಬೇರೆ ಕುಡಿದು ಬರುವಾಗ ಧಾರೆ ಎರೆದಾಗಿ ಫೋಟೋಕ್ಕೆ ಲೈನು ನಿಂತಿತ್ತು. ಸ್ವಂತ ಅತ್ತೆಯೇ ಧಾರೆಗೆ ಇಲ್ಲ! ಮಾವ ಏನೂ ಬೈಲಿಲ್ಲ, ಊಟ ಮಾಡಿ ಅಂದ್ರು, ಅಷ್ಟೇ ಅಂದ್ರು. ಅಮ್ಮನಿಗೆ ಹೋಳಿಗೆ ಗಂಟಲಲ್ಲಿ ಇಳೀಲಿಲ್ಲ. ಅಪ್ಪ ಪುರೋಹಿತರ ಹತ್ರ ಹೋಗಿ ನಿಮ್ಮ ಮುಹೂರ್ತವೇ ತಪ್ಪು ಅಂತ ಶುರು ಮಾಡಿದ್ರು, ನಾನು ಕೈ ಹಿಡ್ದು ಎಳ್ಕೊಂಡು ಬಂದೆ. ಅಲ್ಲ ಅಪ್ಪ, ಪಂಚಾಂಗದವರು ನಮ್ಮೂರಿನ ಸೂರ್ಯೋದಯ ಹಿಡಿದೇ ಲಗ್ನ ಲೆಕ್ಕ ಹಾಕುದು, ಆಮೇಲೆ ಅದನ್ನು ಎಲ್ಲರ ಕೈಗಡಿಯಾರದ ಟೈಮಲ್ಲಿ ಬರೆಯುದು, ನೀವು ಅದ್ರಲ್ಲಿ ಇನ್ನೊಮ್ಮೆ 31 ಕಳೆದ್ರೆ ಹೇಗೆ?

ಸಿಗ್ನಲ್ ಕತೆ ಕೇಳಿ. ಈ ಮಳೆಗೆ ಮನೆಯಲ್ಲಿ ನೆಟ್‌ವರ್ಕ್ ಮೊದ್ಲೂ ಇರ್ಲಿಲ್ಲ, ಈಗ್ಲೂ ಇಲ್ಲ, ಮೊಬೈಲ್ ಹಿಡ್ಕೊಂಡು ಬಾವಿಕಟ್ಟೆಗೆ ಹೋಗುದು ತಪ್ಪಲಿಲ್ಲ. ನೆಟ್ಟಗಿದ್ದದ್ದು ಅಮ್ಮನ ಹಳೇ ರೇಡಿಯೋ ಒಂದು. ಅದ್ರಲ್ಲಿ ಈಗ ಗರ್ರ್ ಅಂತ ಸೌಂಡ್. ಡಬ್ಬಿಯ ವಯರ್ ಕಿತ್ತೆ, ರೇಡಿಯೋ ಸರಿಯಾಯ್ತು, ಹಾಕಿದೆ, ಪುನಃ ಗರ್ರ್. ತೋರ್ಸಿದೆ. ಅಪ್ಪ ಎಂತ ಹೇಳಿದ್ರು ಗೊತ್ತುಂಟಾ, "ಅದು ಬೇರೆ ಲೋಕದ ಶಬ್ದ, ನಿಂಗೆ ಅರ್ಥ ಆಗುದಿಲ್ಲ."

ನಿಜವಾಗಿ ಟೈಮ್ ಹೊಂದಿಸುವ ಸಾಮಾನು ಅವರ ಅಂಗಿ ಕಿಸೆಯಲ್ಲೇ ಉಂಟು, ಮೊಬೈಲು. 20,000 ಕಿಲೋಮೀಟರ್ ಮೇಲಿನ ಜಿಪಿಎಸ್ ಉಪಗ್ರಹದ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ 38 ಮೈಕ್ರೋ ಸೆಕೆಂಡ್ ಮುಂದೆ ಓಡ್ತದೆ, ಅದನ್ನು ಸರಿ ಮಾಡದೆ ಬಿಟ್ರೆ ಒಂದೇ ದಿನದಲ್ಲಿ ಮ್ಯಾಪ್ 10 ಕಿಲೋಮೀಟರ್ ಆಚೆ ಈಚೆ ಆಗ್ತದೆ, ಮಲ್ಪೆಗೆ ಹೊರಟವ ಸಮುದ್ರದ ಒಳಗೆ. ಇಂಥಾ ವಿಷಯ ಬಾಯಿ ಬಿಟ್ಟು ಹೇಳಿದ್ರೆ ಆಕಳಿಸ್ತಾರೆ. 2020ರಲ್ಲಿ ಇಂಗ್ಲೆಂಡಲ್ಲಿ 5ಜಿ ತಡೀತದೆ ಅಂತ 339 ಪೌಂಡಿಗೆ ಯುಎಸ್‌ಬಿ ಕಡ್ಡಿ ಮಾರಿದ್ರು, ಬಿಚ್ಚಿದ್ರೆ 128 ಎಂಬಿಯ ಪೆನ್‌ಡ್ರೈವ್ ಅಂತ ಹೇಳಿದೆ. "ಅದು ಇಂಗ್ಲೆಂಡಿನವರು, ಇದು ನಮ್ಮ ಶಾಸ್ತ್ರ" ಅಂದ್ರು.

ಮೊನ್ನೆ ರಾತ್ರಿ ಅಪ್ಪ ಮಲಗಿದ ಮೇಲೆ ನಾನೇ ಬಿಚ್ಚಿದೆ. ಚೈನಾ ಚಾರ್ಜರಿನ ಬೋರ್ಡು, ಎಲ್‌ಇಡಿ ಒಂದು, ಮತ್ತೆ ಭಾರಕ್ಕೆ ಅಂತ ಗಮ್ಮಲ್ಲಿ ಅಂಟಿಸಿದ ಗ್ರಾನೈಟ್ ತುಂಡು. ಅಮ್ಮ ಪಕ್ಕದಲ್ಲೇ ನಿಂತು ನೋಡಿದ್ರು, ಒಂದು ಮಾತಾಡ್ಲಿಲ್ಲ, ಕಲ್ಲು ಮಾತ್ರ ತೊಳ್ದು ತಕ್ಕೊಂಡು ಹೋಗಿ ಉಪ್ಪಿಗೆ ಹಾಕಿದ ಮಾವಿನಕಾಯಿ ಮೇಲೆ ಇಟ್ರು.

ಬೆಳಿಗ್ಗೆ ಅಪ್ಪ ಧೂಳು ಒರೆಸ್ಲಿಕ್ಕೆ ಡಬ್ಬಿ ಎತ್ತಿದವರೇ ನಿಂತ್ರು. ಹಗುರ ಆಗಿದೆ, ಪವರ್ ಖಾಲಿಯಾಗಿದೆ ಅಂತೆ. ಈಗ ಬಾವಿಕಟ್ಟೆಯಲ್ಲಿ ನಿಂತು ಆ ಮಾರಿದವನಿಗೇ ಫೋನ್ ಮಾಡ್ತಾ ಇದ್ದಾರೆ, ಹನ್ನೆರಡು ಆಯಾಮದ್ದು ಬಂದಿದೆಯಂತೆ, ಹಳೇದು ಕೊಟ್ರೆ 2,000 ಕಡ್ಮೆಯಂತೆ.