ದೇವರಿಗೆ 20 ನಿಮಿಷ, ದ್ರಾಕ್ಷಾರಸಕ್ಕೆ ಎರಡೂವರೆ ಗಂಟೆ

ಮೆಕ್ಸಿಕೊದಲ್ಲಿ ನಿನ್ನೆ ನಾವು ಹೋದ ಒಂದು ದಿನದ ಬಸ್ ಟೂರಿನ ವೇಳಾಪಟ್ಟಿ ಹೀಗಿತ್ತು, ನೀವೇ ಓದಿ. ಸಾನ್ ಮಿಗೆಲ್ ದೆ ಅಯೆಂದೆ: ಎರಡು ಗಂಟೆ. ಅತೊತೊನಿಲ್ಕೊ ದೇವಾಲಯ: 20 ನಿಮಿಷ. ದೊಲೊರೆಸ್ ಇದಾಲ್ಗೊ: 45 ನಿಮಿಷ, ಐಸ್‌ಕ್ರೀಂ ಸೇರಿ. ದ್ರಾಕ್ಷಿ ತೋಟ, ವೈನ್ ರುಚಿ, ಊಟ: ಎರಡೂವರೆ ಗಂಟೆ. ಮೇಲೆ ದಪ್ಪಕ್ಷರದಲ್ಲಿ, ‘ವಸಾಹತು ಕಾಲದ ಊರುಗಳು, ಪುಣ್ಯಕ್ಷೇತ್ರ, ವೈನ್, ಎಲ್ಲವೂ ಒಂದೇ ದಿನದಲ್ಲಿ’ ಅನ್ನೋ ಜಾಹೀರಾತು.

ನಿನ್ನೆ ರಾತ್ರಿ ಮನೆಗೆ ಬಂದಾಗಿನಿಂದ ಕುದೀತಾ ಇದ್ದೀನಿ. ನಮ್ಮನೆಯವರು ‘ಫೇಸ್‌ಬುಕ್‌ನಲ್ಲಿ ಬರೆದುಬಿಡು, ನನ್ನ ತಲೆ ತಿನ್ನಬೇಡ’ ಅಂದರು. ಆದ್ದರಿಂದ ಈಗ ನಿಮ್ಮ ತಲೆ.

ಶೀರ್ಷಿಕೆ ನೋಡಿದ ಕೂಡಲೇ ಅರ್ಧ ಜನ ಲೈಕ್ ಒತ್ತಿರ್ತೀರಿ, ‘ಸರಿಯಾಗಿ ಹೇಳಿದ್ರಿ ಮೇಡಂ, ದೇವಸ್ಥಾನದ ಜೊತೆಗೆ ಹೆಂಡವೇ?’ ಅಂತ. ತಾಳಿ. ನನ್ನ ತಕರಾರು ಅದಲ್ಲ, ಅದರ ತದ್ವಿರುದ್ಧ. ಈ ರಸ್ತೆಯಲ್ಲಿ ದೇವಾಲಯ ಮತ್ತು ದ್ರಾಕ್ಷಿ ಒಂದೇ ಕಥೆಯ ಎರಡು ಅಧ್ಯಾಯ. ಅದನ್ನು ಹರಿದು, ಮೂರು ಪೊಟ್ಟಣ ಕಟ್ಟಿ, ಒಂದೊಂದಕ್ಕೂ ಬೇರೆ ಚೀಟಿ ಅಂಟಿಸಿ ಮಾರ್ತಾರಲ್ಲ, ನನಗೆ ಉರಿಯೋದು ಅದಕ್ಕೆ. (ಮತ್ತೆ ನಾನು ವೈನ್ ಕುಡೀತೀನಿ. ಅಮ್ಮ, ನೀನು ಈ ಸಾಲು ಓದಿಲ್ಲ.)

ಡಲ್ಲಾಸ್‌ನಿಂದ ಅಕ್ಕ, ಭಾವ ಬಂದಿದ್ದರು. ಅಲ್ಲಿಂದ ನಾವಿರೋ ಊರು ಕೆರೇತಾರೊಗೆ ನೇರ ವಿಮಾನ ಇರೋದರಿಂದ ನಮ್ಮ ಮನೆ ಅವರಿಗೆ ವಾರಾಂತ್ಯದ ಲಾಡ್ಜ್ ಇದ್ದ ಹಾಗೆ ಆಗಿದೆ, ಸಂತೋಷವೇ. ಕಾರಲ್ಲಿ ನಾವೇ ಹೋಗೋಣ ಅಂದೆ. ಭಾವ ಕೇಳಲಿಲ್ಲ. ‘ವೈನ್ ಕುಡಿದು ಗಾಡಿ ಓಡಿಸೋರು ಯಾರಮ್ಮ? ಗೈಡ್ ಇದ್ದರೆ ಎಲ್ಲಾ ಅವನೇ ಹೇಳ್ತಾನೆ’ ಅಂದರು. ಎಲ್ಲಾ ಅವನೇ ಹೇಳ್ತಾನೆ! ಈ ಮಾತನ್ನು ನೆನಪಿಟ್ಟುಕೊಳ್ಳಿ.

ಸಾನ್ ಮಿಗೆಲ್ ಬಗ್ಗೆ ಹೆಚ್ಚು ಹೇಳಲ್ಲ. ಚಂದದ ಊರು, ಸುಳ್ಳಲ್ಲ. ಕಲ್ಲುಹಾಸಿನ ಏರುರಸ್ತೆ, ಕೆಂಪು, ಅರಿಶಿನ ಬಣ್ಣದ ಗೋಡೆಗಳು, ಚೌಕದ ಎದುರು ಗುಲಾಬಿ ಕಲ್ಲಿನ ಆ ದೊಡ್ಡ ಚರ್ಚು. 1542ರ ಸುಮಾರಿಗೆ ಹುವಾನ್ ದೆ ಸಾನ್ ಮಿಗೆಲ್ ಅನ್ನೋ ಫ್ರಾನ್ಸಿಸ್ಕನ್ ಸಂನ್ಯಾಸಿ ಕಟ್ಟಿದ ನೆಲೆ. ಆಮೇಲೆ ಉತ್ತರದ ಗಣಿಗಳಿಂದ ಮೆಕ್ಸಿಕೊ ನಗರಕ್ಕೆ ಬೆಳ್ಳಿ ಸಾಗುವ ಹಾದಿಯಲ್ಲಿ ಕಾವಲಿನ ಊರಾಗಿ ಬೆಳೀತು. ಚರ್ಚಿನ ಮುಂಭಾಗ ಕಟ್ಟಿದವನು 19ನೇ ಶತಮಾನದ ಕೊನೆಯ ಸೆಫೆರಿನೊ ಗುತಿಯೆರೆಸ್, ಶಾಲೆಯಲ್ಲಿ ವಾಸ್ತುಶಿಲ್ಪ ಕಲಿಯದ ಸ್ಥಳೀಯ ಮೇಸ್ತ್ರಿ. ಯುರೋಪಿನ ಚರ್ಚುಗಳ ಚಿತ್ರ ನೋಡಿ ತನಗೆ ತೋಚಿದ ಹಾಗೆ ಕಟ್ಟಿದ ಅಂತಾರೆ. ಇಂಥ ಮನುಷ್ಯನ ಬಗ್ಗೆ ನಮ್ಮ ಗೈಡ್ ಒಂದು ಮಾತು ಹೇಳಿರಬೇಕು ತಾನೆ? ಇಲ್ಲ. ಯಾವ ಪತ್ರಿಕೆ ಈ ಊರಿಗೆ ಜಗತ್ತಿನ ಅತ್ಯುತ್ತಮ ನಗರ ಅಂತ ಪಟ್ಟ ಕಟ್ಟಿತು, ಯಾವ ಮಹಡಿ ಮೇಲಿನ ಬಾರಿನಿಂದ ಫೋಟೊ ಚೆನ್ನಾಗಿ ಬರುತ್ತೆ, ಅಮೆರಿಕದಿಂದ ಬಂದು ನೆಲೆಸಿದ ನಿವೃತ್ತರು ಮನೆಗೆ ಎಷ್ಟು ಡಾಲರ್ ಕೊಡ್ತಾರೆ, ಇಷ್ಟೇ.

ಊರಿನ ಹೆಸರಿನಲ್ಲಿರೋ ಅಯೆಂದೆ ಯಾರು ಅಂತ ಅಕ್ಕ ಕೇಳಿದಳು. ‘ವೀರ’ ಅಂದ ಹುಡುಗ. ಆಯ್ತಲ್ಲ, ಮುಗೀತು.

ಅಲ್ಲಿಂದ ಹದಿನೈದು ಕಿಲೋಮೀಟರೂ ಇಲ್ಲ ಅತೊತೊನಿಲ್ಕೊ. ಹೊರಗಿನಿಂದ ನೋಡಿದರೆ ಕೋಟೆಗೋಡೆಯ ಹಾಗೆ ಬೋಳು ಬಿಳಿ ಕಟ್ಟಡ, ಸುತ್ತ ಒಣ ಹಳ್ಳಿ. ಬಾಗಿಲು ದಾಟಿದರೆ ಗೋಡೆ, ಕಮಾನು, ಚಾವಣಿ, ಎಲ್ಲೂ ಅಂಗೈ ಅಗಲದ ಜಾಗವನ್ನೂ ಖಾಲಿ ಬಿಟ್ಟಿಲ್ಲ, ಪೂರ್ತಿ ಚಿತ್ರ. ಲೂಯಿಸ್ ಫೆಲಿಪೆ ನೆರಿ ದೆ ಅಲ್ಫಾರೊ ಅನ್ನೋ ಪಾದ್ರಿ 1740ರಲ್ಲಿ ಶುರುಮಾಡಿದ ದೇವಾಲಯ ಇದು. ಚಿತ್ರ ಬರೆದವನು ಮಿಗೆಲ್ ಆಂತೋನಿಯೊ ಮಾರ್ತಿನೆಸ್ ದೆ ಪೊಕಸಾಂಗ್ರೆ, ಸುಮಾರು ಮೂವತ್ತು ವರ್ಷ. ಒಬ್ಬ ಮನುಷ್ಯ ಮೂವತ್ತು ವರ್ಷ ಕತ್ತೆತ್ತಿ ಬರೆದದ್ದನ್ನು ನಾವು 20 ನಿಮಿಷದಲ್ಲಿ ನೋಡಬೇಕು. ಅದರಲ್ಲಿ ಐದು ನಿಮಿಷ ಶೌಚಾಲಯದ ಸರದಿಗೆ ಹೋಯಿತು. ಗೋಡೆ ತುಂಬ ಕ್ರಿಸ್ತನ ಯಾತನೆ, ಮಧ್ಯೆ ಮಧ್ಯೆ ಆ ಪಾದ್ರಿಯೇ ಹೊಸೆದ ಪದ್ಯದ ಸಾಲುಗಳು. ಯಾರು ಓದ್ತಾರೆ? ಯಾರು ಅರ್ಥ ಹೇಳ್ತಾರೆ? ‘ಇದನ್ನು ಮೆಕ್ಸಿಕೊದ ಸಿಸ್ಟೀನ್ ಚಾಪೆಲ್ ಅಂತಾರೆ’ ಅಂತ ಒಂದು ವಾಕ್ಯ ಎಸೆದು ಗೈಡ್ ಗಡಿಯಾರ ನೋಡಿಕೊಂಡ. ರೋಮಿನ ಹೆಸರು ಸಾಲ ತರದೆ ಇದ್ದರೆ ಇದಕ್ಕೆ ಬೆಲೆಯಿಲ್ಲವಾ?

ಇನ್ನೊಂದು ವಿಷಯ. ಇದು ಬರೀ ನೋಡುವ ಜಾಗವಲ್ಲ. ದೇವಾಲಯಕ್ಕೆ ಅಂಟಿಕೊಂಡ ವಸತಿಯಲ್ಲಿ ಇವತ್ತಿಗೂ ಜನ ಬಂದು ಒಂದು ವಾರ ಮೌನ, ಪ್ರಾರ್ಥನೆ, ಉಪವಾಸ ಮಾಡ್ತಾರೆ. ತಲೆಗೆ ಮುಳ್ಳಿನ ಕಿರೀಟ, ಕೈಯಲ್ಲಿ ತಮ್ಮ ಬೆನ್ನಿಗೇ ಬಾರಿಸಿಕೊಳ್ಳೋ ಹಗ್ಗದ ಚಾಟಿ. ಅಲ್ಫಾರೊ ಪಾದ್ರಿಯ ಕಾಲದಿಂದ ಬಂದ ಪದ್ಧತಿ. ಎದುರಿನ ಅಂಗಡಿಸಾಲಿನಲ್ಲಿ ಆ ಕಿರೀಟ, ಆ ಚಾಟಿ ಎರಡನ್ನೂ ಮಾರ್ತಾರೆ. ನಮ್ಮ ಬಸ್ಸಿನ ಒಬ್ಬರು ಕಿರೀಟ ಕೊಂಡು ತಲೆಗಿಟ್ಟುಕೊಂಡು ಸೆಲ್ಫಿ ತೆಗೆದರು. ತಪ್ಪು ಅವರದ್ದು ಅಂತ ನಾನು ಹೇಳಲ್ಲ. ಅದು ಏನು ಅಂತ ಅವರಿಗೆ ಯಾರಾದರೂ ಹೇಳಿದ್ದರೆ ತಾನೆ! ಹೇಳೋಕೆ 20 ನಿಮಿಷ ಸಾಲದು. ಈಸ್ಟರ್‌ಗೆ ಎರಡು ವಾರ ಮುಂಚೆ ಇಲ್ಲಿಂದ ಕಂಬಕ್ಕೊರಗಿದ ಕ್ರಿಸ್ತನ ಮೂರ್ತಿಯನ್ನು ಹೆಗಲ ಮೇಲೆ ಹೊತ್ತು, ಇಡೀ ರಾತ್ರಿ ನಡೆದು, ಬೆಳಗಿಗೆ ಸಾನ್ ಮಿಗೆಲ್ ಮುಟ್ಟಿಸ್ತಾರೆ. ನಾವು ಎಸಿ ಬಸ್ಸಿನಲ್ಲಿ ಬಂದದ್ದು ಅದೇ ಹಾದಿ, ಎದುರು ದಿಕ್ಕಿನಿಂದ.

ಈಗ ಅಸಲು ಸಂಕಟಕ್ಕೆ ಬರ್ತೀನಿ. ಪಿಯು ಮಕ್ಕಳಿಗೆ ಇತಿಹಾಸ ಪಾಠ ಮಾಡಿದವಳು ನಾನು, ನಿಮಗೆ ಗೊತ್ತೇ ಇದೆ. ಸ್ವಲ್ಪ ಸಹಿಸಿಕೊಳ್ಳಿ.

1810ರ ಸೆಪ್ಟೆಂಬರ್. ಸ್ಪೇನಿನ ಆಳ್ವಿಕೆ ವಿರುದ್ಧ ನಮ್ಮ ಕೆರೇತಾರೊದಲ್ಲಿ ಒಳಗೊಳಗೇ ಸಂಚು ನಡೀತಿತ್ತು. ಗುಟ್ಟು ರಟ್ಟಾಯಿತು. ಊರಿನ ಅಧಿಕಾರಿಯ ಹೆಂಡತಿ ಹೋಸೆಫಾ ಓರ್ತಿಸ್ ಆ ಸಂಚಿನಲ್ಲಿ ಒಬ್ಬಾಕೆ. ಗಂಡ ಆಕೆಯನ್ನು ಕೋಣೆಯಲ್ಲಿ ಕೂಡಿಹಾಕಿದ. ಆಕೆ ಹಿಮ್ಮಡಿಯಿಂದ ನೆಲ ತಟ್ಟಿ, ಸೆರೆಮನೆ ಕಾಯುತ್ತಿದ್ದ ಇಗ್ನಾಸಿಯೊ ಪೆರೆಸ್‌ನನ್ನು ಕರೆದು ಸುದ್ದಿ ದಾಟಿಸಿದಳು ಅನ್ನೋದು ಇಲ್ಲಿ ಮಕ್ಕಳಿಗೂ ಗೊತ್ತಿರೋ ಕಥೆ. ಆತ ಕುದುರೆ ಹತ್ತಿ ಸಾನ್ ಮಿಗೆಲ್‌ಗೆ ಹೋದ. ಸಂಚಿನ ಮುಂದಾಳು ಇಗ್ನಾಸಿಯೊ ಅಯೆಂದೆ (ಊರಿನ ಹೆಸರಿನಲ್ಲಿರೋನು ಇವನೇ) ಅಲ್ಲಿರಲಿಲ್ಲ. ಸಂಚಿನ ಇನ್ನೊಬ್ಬ ಹುವಾನ್ ಅಲ್ದಾಮಾ ಸಿಕ್ಕ. ಇಬ್ಬರೂ ರಾತ್ರಿಯೇ ದೊಲೊರೆಸ್‌ಗೆ ಓಡಿಸಿದರು. ಅಯೆಂದೆ ಅಲ್ಲೇ ಇದ್ದ, ಊರಿನ ಪಾದ್ರಿ ಮಿಗೆಲ್ ಇದಾಲ್ಗೊ ಜೊತೆ. 16ರ ನಸುಕಿನಲ್ಲಿ ಇದಾಲ್ಗೊ ಚರ್ಚಿನ ಗಂಟೆ ಬಾರಿಸಿ ದಂಗೆಗೆ ಜನ ಸೇರಿಸಿದ. ಅದೇ ದಿನ ಆ ಗುಂಪು ಅತೊತೊನಿಲ್ಕೊಗೆ ಬಂತು. ಇದಾಲ್ಗೊ ಅಲ್ಲಿಂದ ಗ್ವಾದಲೂಪೆ ಮಾತೆಯ, ಅಂದರೆ ಇಲ್ಲಿನವರ ಮೇರಿ ಮಾತೆಯ, ಚಿತ್ರಪಟ ತೆಗೆದುಕೊಂಡು ಅದನ್ನೇ ಬಾವುಟ ಮಾಡಿದ. ಸಂಜೆ ಹೊತ್ತಿಗೆ ಸಾನ್ ಮಿಗೆಲ್.

ಗಮನಿಸಿದ್ರಾ? ಕೆರೇತಾರೊ, ಸಾನ್ ಮಿಗೆಲ್, ಅತೊತೊನಿಲ್ಕೊ, ದೊಲೊರೆಸ್. ನಮ್ಮ ಬಸ್ ಹೋದದ್ದು ಇಗ್ನಾಸಿಯೊ ಪೆರೆಸ್‌ನ ಕುದುರೆ ಓಡಿದ ಹಾದಿಯಲ್ಲೇ. ಇಡೀ ದಿನದಲ್ಲಿ ಒಂದು ಸಲವಾದರೂ ಮೈಕಿನಲ್ಲಿ ಈ ಹೆಸರು ಬರಲಿಲ್ಲ. ಬಂದದ್ದು ಯಾವುದೋ ರೆಗೆಟಾನ್ ಹಾಡು.

ವೈನ್ ಎಲ್ಲಿ ಬಂತು ಅಂತೀರಾ? ಈ ಇದಾಲ್ಗೊ 1803ರಿಂದ ದೊಲೊರೆಸ್‌ನಲ್ಲಿದ್ದ. ಪೂಜೆ ಮುಗಿಸಿ ಸುಮ್ಮನೆ ಕೂರುವ ಪಾದ್ರಿ ಅಲ್ಲ. ಮಡಕೆ ಮಾಡೋ ಕಾರ್ಖಾನೆ ಹಾಕಿಸಿದ, ಜೇನು ಸಾಕಿಸಿದ, ರೇಷ್ಮೆಗೆ ಹಿಪ್ಪುನೇರಳೆ ಹಾಕಿಸಿದ, ದ್ರಾಕ್ಷಿ ಬಳ್ಳಿ ನೆಟ್ಟ. ಆದರೆ ಸ್ಪೇನ್ ತನ್ನ ವೈನ್ ವ್ಯಾಪಾರ ಕಾಪಾಡೋಕೆ ವಸಾಹತುಗಳಲ್ಲಿ ದ್ರಾಕ್ಷಿಗೆ ಕಡಿವಾಣ ಹಾಕಿತ್ತು. 1595ರಲ್ಲೇ ಎರಡನೇ ಫಿಲಿಪ್ ದೊರೆ ಹೊಸ ಬಳ್ಳಿ ನೆಡಬಾರದು ಅಂತ ಆಜ್ಞೆ ಹೊರಡಿಸಿದ್ದ. ತಮಾಷೆ ಅಂದರೆ ಅದೇ ದೊರೆಯ ಹೆಸರಿನಲ್ಲಿ 1597ರಲ್ಲಿ ಉತ್ತರದ ಪಾರ್ರಾಸ್‌ನಲ್ಲಿ ಲೊರೆನ್ಸೊ ಗಾರ್ಸಿಯಾ ಅನ್ನೋನಿಗೆ ವೈನ್ ಮಾಡೋಕೆ ಜಮೀನು ಸಿಕ್ಕಿತು. ಬೇಕಾದವರಿಗೊಂದು ಕಾನೂನು, ಬೇಡದವರಿಗೊಂದು. ದೊಲೊರೆಸ್ ಪಾದ್ರಿಯ ಬಳ್ಳಿಗಳನ್ನು ಅಧಿಕಾರಿಗಳು ಕೀಳಿಸಿದರು ಅಂತ ಊರವರು ಇವತ್ತಿಗೂ ಹೇಳ್ತಾರೆ. ಆಮೇಲೆ ದಂಗೆ ಎದ್ದದ್ದಕ್ಕೆ ಆ ಮನುಷ್ಯನನ್ನೇ 1811ರ ಜುಲೈ 30ರಂದು ಚಿವಾವಾದಲ್ಲಿ ಗುಂಡಿಟ್ಟು ಕೊಂದರು. ಅವನ, ಅಯೆಂದೆಯ, ಅಲ್ದಾಮಾನ, ದಂಗೆಯ ಇನ್ನೊಬ್ಬ ನಾಯಕ ಹಿಮೆನೆಸ್‌ನ ತಲೆಗಳನ್ನು ಗ್ವಾನಾಹ್ವಾತೊ ನಗರದ ಧಾನ್ಯದ ಉಗ್ರಾಣದ ನಾಲ್ಕು ಮೂಲೆಗೆ ನೇತುಹಾಕಿದರು. 1821ರವರೆಗೂ ನೇತಾಡಿದವು.

ಅಂದರೆ ಈ ಮಣ್ಣಿನಲ್ಲಿ ಬೆಳೆದ ಒಂದು ಲೋಟ ವೈನ್ ಕುಡಿಯೋದು ಅಂದರೆ ಸುಮ್ಮನೆ ವಿಷಯವಲ್ಲ ಕಣ್ರೀ. ಒಂದು ಕಾಲಕ್ಕೆ ಈ ಬಳ್ಳಿ ನೆಡೋದೇ ದೊರೆಗೆ ಎದುರು ನಿಲ್ಲೋ ಕೆಲಸ. ಪುಣ್ಯಕ್ಷೇತ್ರ, ವಸಾಹತು ಊರು, ವೈನ್, ಮೂರನ್ನೂ ಒಬ್ಬನೇ ಮನುಷ್ಯ ತನ್ನ ಒಂದೇ ಬದುಕಿನಲ್ಲಿ ಕಟ್ಟಿಹಾಕಿದ್ದಾನೆ. ಟೂರಿನವರು ಕಷ್ಟಪಟ್ಟು ಜೋಡಿಸಬೇಕಾದ್ದೇ ಇಲ್ಲ, ಬಿಚ್ಚದೆ ಇದ್ದಿದ್ದರೆ ಸಾಕಿತ್ತು.

ತೋಟದಲ್ಲಿ ಏನು ಹೇಳಿದರು? ಲೋಟ ಓರೆ ಮಾಡಿ, ತಿರುಗಿಸಿ, ಮೂಗಿಗೆ ಹಿಡಿಯಿರಿ. ಕಾಡುಹಣ್ಣು, ಚರ್ಮ, ತಂಬಾಕಿನ ವಾಸನೆ ಬರುತ್ತೆ. ಬಂತು ಅಂತ ಎಲ್ಲರೂ ತಲೆಯಾಡಿಸಿದರು. ಭಾವ ಕಣ್ಣು ಮುಚ್ಚಿಕೊಂಡು ‘ಚಾಕಲೇಟ್ ಕೂಡ’ ಅಂದರು, ತೋಟದ ಹುಡುಗಿ ಮೆಚ್ಚಿಕೊಂಡಳು. ಸುಳ್ಳು ಹೇಳಲ್ಲ, ಸಿರಾ ಅನ್ನೋ ಕೆಂಪು ವೈನ್ ಚೆನ್ನಾಗಿತ್ತು. ಎರಡು ಸಾವಿರ ಮೀಟರ್ ಎತ್ತರ, ಹಗಲು ಸುಡುಬಿಸಿಲು, ರಾತ್ರಿ ಚಳಿ. ಹಣ್ಣಿನಲ್ಲಿ ಹುಳಿ ಉಳಿಯುತ್ತೆ. ಹಣ್ಣು ಮಾಗೋ ಹೊತ್ತಿಗೇ ಇಲ್ಲಿ ಮಳೆಗಾಲ, ಆಲಿಕಲ್ಲು, ಬೂಷ್ಟು. ಅದರ ಜೊತೆ ಗುದ್ದಾಡಿ ಬೆಳೀತಾರೆ, ಅವರ ಶ್ರಮಕ್ಕೆ ನಮಸ್ಕಾರ. ಅಕ್ಕನಿಗೆ ಬರೀ ದ್ರಾಕ್ಷಿ ರಸ, ಚೀಸು, ಕಳ್ಳಿಪಲ್ಯ. ಅವಳು ಮೂರನ್ನೂ ಹೊಗಳಿದಳು, ಅವಳ ಸ್ವಭಾವವೇ ಹಾಗೆ.

ನಾನು ಮಾತ್ರ ಕೈ ಎತ್ತಿದೆ. ‘ಇದಾಲ್ಗೊ ಬೆಳೆದ ದ್ರಾಕ್ಷಿ ಬಗ್ಗೆ ಹೇಳ್ತೀರಾ?’ ನಮ್ಮ ಗೈಡ್ ನಕ್ಕ. ‘ಸಮಯ ಇಲ್ಲ ಸೆನ್ಯೋರಾ, ಮುಂದೆ ಅಂಗಡಿ ಇದೆ.’

ಎರಡೂವರೆ ಗಂಟೆ! ಸಮಯ ಇಲ್ಲವಂತೆ!

ವಾಪಸ್ ಬರುವಾಗ ಭಾವನ ಜೊತೆ ಜಗಳ ಆಯಿತು. ‘ರಜಾದಲ್ಲಿ ಬಂದೋರಿಗೆ ಪಾಠ ಯಾಕಮ್ಮ? ಸುಸ್ತಾಗಿರ್ತಾರೆ, ಕುಡೀತಾರೆ, ಫೋಟೊ ಹೊಡ್ಕೊತಾರೆ. ನಾವೂ ಮೈಸೂರು ಒಂದು ದಿನದ ಟೂರಲ್ಲಿ ಅರಮನೆ, ಚಾಮುಂಡಿ ಬೆಟ್ಟ, ಶ್ರೀರಂಗಪಟ್ಟಣ, ಕೆಆರ್‌ಎಸ್ ಅಂತ ಓಡಲಿಲ್ವಾ?’ ಓಡಿದ್ವಿ ಭಾವ. ಆದರೆ ಆ ಬಸ್ಸಿನ ಗೈಡು, ಪಾಪ, ಗಂಟಲು ಹರಿಯೋ ಹಾಗೆ ಕೂಗಿ ಟಿಪ್ಪು ಎಲ್ಲಿ ಬಿದ್ದ ಅಂತ ತೋರಿಸಿದ್ದ. ಅವನು ಹೇಳಿದ್ದರಲ್ಲಿ ಅರ್ಧ ತಪ್ಪಿರಬಹುದು, ಆದರೆ ಹೇಳಿದ. ಮತ್ತೆ ಈ ‘ಸುಸ್ತು’ ಅನ್ನೋ ವಾದ ನನಗೆ ಒಪ್ಪಿಗೆಯಾಗಲ್ಲ. ಕಥೆ ಕೇಳಿ ಸುಸ್ತಾದವರನ್ನು ನಾನು ನೋಡಿಲ್ಲ. ಹಿಮ್ಮಡಿ ತಟ್ಟಿದ ಹೆಂಗಸಿನ ಕಥೆ ಬಸ್ಸಿನಲ್ಲಿ ಹಿಂದಿನ ಸೀಟಿನ ಇಬ್ಬರು ಹುಡುಗರಿಗೆ ನಾನೇ ಹೇಳಿದೆ, ನನ್ನ ಹರಕು ಸ್ಪ್ಯಾನಿಷ್‌ನಲ್ಲಿ. ಅವರು ಇಲ್ಲಿನವರೇ, ಕಥೆ ಗೊತ್ತಿದ್ದವರೇ. ಆದರೂ ಮೊಬೈಲು ಕೆಳಗಿಟ್ಟು ಕೇಳಿದರು, ಮಧ್ಯೆ ಮಧ್ಯೆ ನನ್ನ ಕ್ರಿಯಾಪದ ತಿದ್ದಿದರು.

ಇಲ್ಲಿಗೆ ಬಂದ ಮೇಲೆ ನನಗೆ ಕೆಲಸವಿಲ್ಲ, ವೀಸಾದಲ್ಲಿ ಕೆಲಸ ಮಾಡೋ ಹಾಗಿಲ್ಲ. ನನ್ನ ಸಿಟ್ಟಿನಲ್ಲಿ ಅರ್ಧ ಪಾಲು ಹೊಟ್ಟೆಕಿಚ್ಚು, ಒಪ್ಕೋತೀನಿ. ಆ ಮೈಕ್ ಆ ಹುಡುಗನ ಕೈಯಲ್ಲಿ ಆಟಿಕೆ ಆಗಿರೋದು ನೋಡಿ ಕೈ ತುರಿಸ್ತಾ ಇತ್ತು. ತರಗತಿಯಲ್ಲಿ ಎಂಬತ್ತು ಮಕ್ಕಳು ಗಲಾಟೆ ಮಾಡುವಾಗ ‘ಒಂದು ರಾತ್ರಿ ಒಬ್ಬ ಕುದುರೆ ಹತ್ತಿದ’ ಅಂದರೆ ಸಾಕಿತ್ತು. ಈಗ ನನಗೆ ಸಿಗೋ ಶ್ರೋತೃಗಳು ನೀವು ಮತ್ತು ನಮ್ಮನೆಯವರು. ಅವರಂತೂ ನಿದ್ದೆ ಮಾಡಿಬಿಟ್ಟಿದ್ದಾರೆ.

ಆದರೆ ಹುಡುಗನದೂ ತಪ್ಪಿಲ್ಲ. ಅಂಗಡಿಯಲ್ಲಿ ಮಾರಾಟವಾದ ಬಾಟಲಿ ಮೇಲೆ ಕಮಿಷನ್ ಅಂತ ಅವನೇ ಹೇಳಿದ. ಅಲ್ಫಾರೊ ಪಾದ್ರಿಯ ಪದ್ಯಕ್ಕೆ ಕಮಿಷನ್ ಯಾರು ಕೊಡ್ತಾರೆ?

ಈ ಕಡೆ ಬರೋರಿದ್ದರೆ ಹೇಳಿ. ಬೆಳಿಗ್ಗೆ ಕೆರೇತಾರೊದ ಆ ಅಧಿಕಾರಿಯ ಮನೆ ಎದುರಿಂದಲೇ ಹೊರಡೋಣ, ಈಗ ಅದು ರಾಜ್ಯ ಸರ್ಕಾರದ ಕಚೇರಿ. ಅತೊತೊನಿಲ್ಕೊದಲ್ಲಿ ಅರ್ಧ ದಿನ. ದೊಲೊರೆಸ್ ಚೌಕದಲ್ಲಿ ಬೆಣ್ಣೆಹಣ್ಣಿನ ಐಸ್‌ಕ್ರೀಂ, ಧೈರ್ಯ ಇದ್ದರೆ ಸೀಗಡಿಯದ್ದು. ವೈನ್ ಕೊನೆಗೆ, ಕಥೆ ಮುಗಿದ ಮೇಲೆ. ಗಾಡಿ ಓಡಿಸೋಕೆ ನಮ್ಮನೆಯವರು ಇದ್ದಾರೆ, ಅವರು ಕುಡಿಯಲ್ಲ.

ಭಾವ ನಾಲ್ಕು ಬಾಟಲಿ ಕೊಂಡರು. ಟೂರಿಗೆ ಎಷ್ಟು ನಕ್ಷತ್ರ ಕೊಡ್ತೀರಿ ಅಂತ ಬೆಳಿಗ್ಗೆ ಮೆಸೇಜ್ ಬಂದಿತ್ತು. ನಾನು ಕನ್ನಡಕ ಹುಡುಕೋ ಅಷ್ಟರಲ್ಲಿ ಅಕ್ಕ ಐದು ಒತ್ತಿ ಕಳಿಸಿ ಆಗಿತ್ತು.