ಕಾಮಿಡಿ ಶೋಗೆ ಸೆಟ್ ಹಾಕೋರ ಬಗ್ಗೆ ಒಂದಿಷ್ಟು

ಟೀವಿ ಕಾಮಿಡೀಲಿ ಜನ ನಗೋದಕ್ಕೆ ಆಕ್ಟರ್ ಎಷ್ಟು ಕಾರಣಾನೋ ಸೆಟ್ ಡಿಸೈನ್ ಮಾಡಿದೋರೂ ಅಷ್ಟೇ ಕಾರಣ ಅಂತ ನಾನು ನಂಬ್ತೀನಿ. ಆದ್ರೆ ನಮ್ ಕಡೆ ಅದು ಬರೀ ಪ್ಲೈವುಡ್‌ಗೆ ಪೇಂಟ್ ಹೊಡ್ಯೋ ಕೆಲ್ಸ ಅನ್ನೋ ಲೆಕ್ಕ.

ಸಿಟ್‌ಕಾಮ್ ಅಂದ್ರೆ ಅದೇ ಪಾತ್ರಗಳು, ಅದೇ ಜಾಗ ಇಟ್ಕೊಂಡು ನಡೆಯೋ ಕಾಮಿಡಿ ಸೀರಿಯಲ್. ಅದರ ಮನೆಗೆ ಗೋಡೆ ಮೂರೇ ಇರ್ತವೆ, ನಾಲ್ಕನೇ ಕಡೆ ಕ್ಯಾಮೆರಾಗಳು, ಅದರ ಹಿಂದೆ ಕೂತು ನಗೋ ಜನ. 1951ರಲ್ಲಿ ಶುರುವಾದ ಐ ಲವ್ ಲೂಸಿ ಅನ್ನೋ ಅಮೆರಿಕದ ಕಾಮಿಡಿ ಶೋ ಈ ಪದ್ಧತೀನ ಗಟ್ಟಿ ಮಾಡ್ತು. ಇಂಥ ಸೆಟ್‌ನಲ್ಲಿ ಬಾಗಿಲು ಎಲ್ಲಿ ಇಡ್ತೀರಿ ಅನ್ನೋದೇ ದೊಡ್ಡ ವಿಷ್ಯ. ಬಾಗಿಲಿಂದ ಸೋಫಾ ತೀರಾ ದೂರ ಇದ್ರೆ ಬಂದವ್ನು ನಡ್ಕೊಂಡು ಬರೋಷ್ಟರಲ್ಲಿ ನಗು ಆರಿಹೋಗುತ್ತೆ, ತೀರಾ ಹತ್ರ ಇದ್ರೆ ಅವ್ನನ್ನ ನೋಡಿ ಕೂತವ್ರ ಮುಖ ಬದಲಾಗೋಕೆ ಟೈಮೇ ಸಿಗಲ್ಲ. ಹಾಸನದ ನಮ್ಮ ನಾಟಕ ತಂಡದಲ್ಲಿ ರೀಪರ್ (ಮರದ ಪಟ್ಟಿ) ಬಡಿದು ಗೋಡೆ ನಿಲ್ಲಿಸೋವಾಗ ಇದನ್ನ ಕಣ್ಣಾರೆ ನೋಡಿದೀನಿ, ಬಾಗಿಲನ್ನ ಹಿಂದಿನ ಗೋಡೆಯಿಂದ ತಂದು ಪಕ್ಕಕ್ಕೆ ಇಟ್ಟಿದ್ದೇ ತಡ, ಅದೇ ಡೈಲಾಗ್‌ಗೆ ಸಭೆ ಬಿದ್ದು ಬಿದ್ದು ನಗ್ತು. ಸಿಟ್ಟಲ್ಲಿ ಬಾಗಿಲು ಬಡಿಯೋ ಸೀನ್ ಇದ್ರಂತೂ ಹಿಂದಿಂದ ಆನಿಕೆ ಕೊಟ್ಟು ಮರಳಿನ ಚೀಲ ಹೇರ್ಲೇಬೇಕು, ಇಲ್ಲಾಂದ್ರೆ ಗೋಡೆ ಅಲ್ಲಾಡಿ ಎಲ್ಲಾ ಹಾಳು.

ಜಾನ್ ಶಾಫ್ನರ್ ಅಂತ ಅಮೆರಿಕದ ಪ್ರೊಡಕ್ಷನ್ ಡಿಸೈನರ್, ಅಂದ್ರೆ ಸೆಟ್ ಹೇಗಿರ್ಬೇಕು ಅಂತ ತೀರ್ಮಾನ ಮಾಡೋರು, ಇದಾರೆ. ಫ್ರೆಂಡ್ಸ್ ಅನ್ನೋ ಸಿಟ್‌ಕಾಮ್‌ನಲ್ಲಿ ಮೋನಿಕಾ ಅನ್ನೋ ಪಾತ್ರದ ಮನೆಯ ನೇರಳೆ ಗೋಡೆ ಇವ್ರದ್ದೇ ಐಡಿಯಾ. ಮೊದ್ಲು ಬೇರೆಯವ್ರು ಒಪ್ಪಲಿಲ್ಲವಂತೆ, ಪುಟ್ಟ ಮಾಡೆಲ್‌ಗೆ ಬಣ್ಣ ಹಚ್ಚಿ ತೋರಿಸಿ ಒಪ್ಪಿಸಿದ್ರಂತೆ. ಈಗ ಆ ಬಣ್ಣ ಕಂಡ್ರೆ ಸಾಕು, ಸೌಂಡ್ ಇಲ್ಲದಿದ್ರೂ ಇದು ಯಾವ ಶೋ ಅಂತ ಗೊತ್ತಾಗುತ್ತೆ. ದಿ ಬಿಗ್ ಬ್ಯಾಂಗ್ ಥಿಯರಿ ಅನ್ನೋ ಇನ್ನೊಂದು ಸಿಟ್‌ಕಾಮ್‌ಗೂ ಇವ್ರೇ ಡಿಸೈನರ್. ಅದ್ರಲ್ಲಿ ಕೆಟ್ಟುನಿಂತ ಲಿಫ್ಟು, ಮಾತಾಡ್ಕೊಂಡು ಹತ್ತೋ ಮೆಟ್ಟಿಲು ನೆನಪಿದ್ಯಾ? ಅಷ್ಟೂ ಮಹಡಿಗೆ ಇದ್ದಿದ್ದು ಒಂದೇ ಸೆಟ್, ನಂಬರ್ರೂ ಒಂದೆರಡು ಸಾಮಾನೂ ಬದಲಾಯಿಸಿ ಆಕ್ಟರ್‌ಗಳನ್ನ ಮತ್ತೆ ಹತ್ತಿಸ್ತಿದ್ರು. ಆ ಲಿಫ್ಟ್ ಬಾಗಿಲು 2019ರಲ್ಲಿ ಶೋ ಮುಗಿಯೋ ಹೊತ್ತಿಗೆ ತೆಗೀತು ನೋಡಿ, 12 ಸೀಸನ್ ಕಾದಿದ್ದ ಜೋಕು ಅದು, ನಂಗಂತೂ ರೋಮಾಂಚನ ಆಯ್ತು.

ಅಲ್ಲೀವರೆಗೂ ಯಾಕೆ, ಶೃಂಗೇರಿಯಿಂದ ಸ್ವಲ್ಪ ದೂರದ ಆಗುಂಬೆನ ಮಾಲ್ಗುಡಿ ಡೇಸ್ ಸೀರಿಯಲ್‌ಗೆ ಮಾಲ್ಗುಡಿ ಮಾಡಿದ್ದು ಆರ್ಟ್ ಡೈರೆಕ್ಟರ್ ಜಾನ್ ದೇವರಾಜ್. ಶಂಕರ್‌ನಾಗ್ ಹೆಸ್ರು ಎಲ್ರಿಗೂ ಗೊತ್ತು, ಇವ್ರ ಹೆಸ್ರು ಎಷ್ಟು ಜನಕ್ಕೆ ಗೊತ್ತು ಹೇಳಿ. ಪಾಪ ಪಾಂಡು, ಸಿಲ್ಲಿ ಲಲ್ಲಿ ನೋಡ್ಕೊಂಡು ಬೆಳೆದವ್ರು ನಾವು, ಆ ಮನೆಗಳನ್ನ ಸಜ್ಜು ಮಾಡಿದವ್ರು ಯಾರು ಅಂತ ಒಬ್ರಾದ್ರೂ ಕೇಳಿದ್ವಾ? ಚಾನೆಲ್‌ನವ್ರು ಟೈಟಲ್‌ನಲ್ಲಿ ಆರ್ಟ್ ಡೈರೆಕ್ಟರ್ ಹೆಸ್ರನ್ನ ಓದೋಷ್ಟು ಹೊತ್ತಾದ್ರೂ ನಿಲ್ಲಿಸ್ಬೇಕು.

ನಮ್ಮಕ್ಕನ ಮಗ ಇದೇ ಲೈನಿಗೆ ಹೋಗ್ತೀನಿ ಅಂತಿದಾನೆ, ಮನೇಲಿ ಬೇಡ ಅಂತ ಹಟ. ನಾನು ಅವ್ನ ಪರ. ಸ್ಕೇಲ್ ಹಾಕಿ ಪ್ಲಾನ್ ಬರೀತಾನೆ, ರಟ್ಟಲ್ಲಿ ಮಾಡೆಲ್ ಚೆನ್ನಾಗಿ ಮಾಡ್ತಾನೆ. ಬೆಂಗಳೂರಲ್ಲಿ ಆರ್ಟ್ ಡಿಪಾರ್ಟ್‌ಮೆಂಟಲ್ಲಿ ಇರೋರು ಯಾರಾದ್ರೂ ಇದನ್ನ ಓದ್ತಿದ್ರೆ, ಅಸಿಸ್ಟೆಂಟ್ ಬೇಕಿದ್ರೆ, ದಯವಿಟ್ಟು ಇನ್‌ಬಾಕ್ಸ್ ಮಾಡಿ.