ಹನೋಯ್‌ಗೆ ಹೋದರೆ ಮೊದಲ ಸಂಜೆಯೇ ನಡೆಯಲು ಹೊರಡಿ

ವಿಯೆಟ್ನಾಂಗೆ ಹೋಗಿ ಬಂದವರ ಫೋಟೋಗಳಿಂದ ನನ್ನ ಫೇಸ್‌ಬುಕ್ ತುಂಬಿಹೋಗಿದೆ. ಹಾ ಲಾಂಗ್ ಕೊಲ್ಲಿಯ ಹಡಗು, ಡಾ ನಾಂಗ್ ಪಕ್ಕದ ಬೆಟ್ಟದಲ್ಲಿ ಎರಡು ದೊಡ್ಡ ಕೈಗಳು ಎತ್ತಿ ಹಿಡಿದ ಸೇತುವೆ, ಕು ಚಿ ಸುರಂಗ. ಎಲ್ಲಾ ಚೆನ್ನಾಗಿವೆ. ಆದರೆ "ಊಟ ಹೇಗಿತ್ತು?" ಅಂತ ಕೇಳಿ ನೋಡಿ. "ಏನೂ ತೊಂದರೆ ಆಗಲಿಲ್ಲ ಕಣೇ, ದಿನಾ ರಾತ್ರಿ ಇಂಡಿಯನ್ ಹೋಟೆಲ್ಲಿಗೇ ಕರ್ಕೊಂಡು ಹೋಗ್ತಿದ್ರು" ಅನ್ನುತ್ತಾರೆ. ಪನೀರ್ ಬಟರ್ ಮಸಾಲ ತಿನ್ನಲು ಹನೋಯ್‌ವರೆಗೆ ಹೋಗಬೇಕಿತ್ತಾ?

ಹೋದವರನ್ನು ಬೈಯುತ್ತಿಲ್ಲ. ಹೊಸ ದೇಶ, ಗೊತ್ತಿಲ್ಲದ ಭಾಷೆ, ತಟ್ಟೆಯಲ್ಲಿ ಏನಿದೆಯೋ ಅನ್ನೋ ಭಯ ಎಲ್ಲರಿಗೂ ಇರುತ್ತದೆ. ನನ್ನ ಸಿಟ್ಟು ಪ್ಯಾಕೇಜ್ ಮಾರುವವರ ಮೇಲೆ. ಅವರು ಆ ಭಯವನ್ನು ಕಡಿಮೆ ಮಾಡಲ್ಲ, ಅದನ್ನೇ ಬಂಡವಾಳ ಮಾಡಿಕೊಳ್ಳುತ್ತಾರೆ. "ಇಂಡಿಯನ್ ಡಿನ್ನರ್ ಸೇರಿದೆ" ಅಂತ ದಪ್ಪ ಅಕ್ಷರದಲ್ಲಿ ಹಾಕಿ, ಬಸ್ಸಿನಿಂದ ಬಸ್ಸಿಗೆ ಹತ್ತಿಸಿ, ಊರಿನ ಬೀದಿಯ ಮೇಲೆ ಕಾಲಿಡದ ಹಾಗೆ ವಾಪಸ್ ಕಳಿಸುತ್ತಾರೆ.

ನಾನು ಹೇಳುವುದು ಇಷ್ಟೇ. ಹನೋಯ್ ತಲುಪಿದ ಮೊದಲ ಸಂಜೆಯೇ ಹಳೇ ಪೇಟೆಯಲ್ಲಿ ಗೈಡ್ ಜೊತೆ ಒಂದು ಫುಡ್ ವಾಕ್ ಮಾಡಿ. ಕೊನೆಯ ದಿನ ಟೈಮ್ ಉಳಿದರೆ ನೋಡೋಣ ಅಂತ ಇಟ್ಟುಕೊಳ್ಳಬೇಡಿ. ಆ ಮೂರು ಗಂಟೆಯಲ್ಲಿ ಹೊಟ್ಟೆ ತುಂಬುವುದು ಹೇಗೂ ಇದ್ದದ್ದೇ. ಅದಕ್ಕಿಂತ ಹೆಚ್ಚಾಗಿ, ಎಲ್ಲಿ ಕೂರಬೇಕು, ಏನು ಕೇಳಬೇಕು, ಯಾವುದನ್ನು ಯಾವುದರಲ್ಲಿ ಅದ್ದಬೇಕು ಅನ್ನೋದು ತಿಳಿಯುತ್ತದೆ. ಕೊನೆಯ ದಿನ ತಿಳಿದು ಏನು ಪ್ರಯೋಜನ, ಅಲ್ವಾ?

ನನಗೂ ನನ್ನ ಗೆಳತಿಗೂ ಗೈಡ್ ಆಗಿ ಸಿಕ್ಕಿದ್ದು ಕಾಲೇಜು ಮುಗಿಸುತ್ತಿದ್ದ ಒಬ್ಬ ಹುಡುಗಿ. ಹ್ವಾನ್ ಕಿಯೆಮ್ ಕೆರೆಯ ದಂಡೆಯಲ್ಲಿ ಭೇಟಿಯಾದ ತಕ್ಷಣ ನಮ್ಮ ವಯಸ್ಸು ಕೇಳಿದಳು. ಅಲ್ಲಿ ಎದುರಿಗಿರುವವರು ಅಕ್ಕನೋ ತಂಗಿಯೋ ಚಿಕ್ಕಮ್ಮನೋ ಅಂತ ಗೊತ್ತಾಗದೆ ಮಾತು ಮುಂದೆ ಹೋಗಲ್ಲ. ಇಬ್ಬರನ್ನೂ ಅಕ್ಕಂದಿರ ಸಾಲಿಗೆ ಸೇರಿಸಿಕೊಂಡಳು. ಆಮೇಲೆ ರಸ್ತೆ ದಾಟುವ ಪಾಠ. ಓಡಬೇಡಿ, ನಿಲ್ಲಬೇಡಿ, ಹಿಂದೆ ಸರಿಯಬೇಡಿ. ಒಂದೇ ವೇಗದಲ್ಲಿ ನಿಧಾನಕ್ಕೆ ನಡೆಯಿರಿ, ಸ್ಕೂಟರ್‌ಗಳೇ ನಿಮ್ಮನ್ನು ಬಳಸಿಕೊಂಡು ಹೋಗುತ್ತವೆ. ಕೈ ಅಡ್ಡ ಹಿಡಿದು ಓಡಿ ಅಭ್ಯಾಸವಿರುವ ಬೆಂಗಳೂರಿನವರಿಗೆ ಇದು ಸುಲಭವಲ್ಲ. ಆದರೆ ನಿಜವಾಗಿಯೂ ಬಳಸಿಕೊಂಡೇ ಹೋದವು!

ಹಳೇ ಪೇಟೆಯನ್ನು 36 ಬೀದಿಗಳು ಅನ್ನುತ್ತಾರೆ. ಒಂದೊಂದು ಬೀದಿಗೆ ಒಂದೊಂದು ಸರಕಿನ ಹೆಸರು. ಹಾಂಗ್ ಬಾಕ್ ಬೆಳ್ಳಿಯ ಬೀದಿ, ಈಗಲೂ ಅಲ್ಲಿ ಒಡವೆ ಅಂಗಡಿಗಳಿವೆ. ಹಾಂಗ್ ಥಿಯೆಕ್‌ನಲ್ಲಿ ಈಗಲೂ ತಗಡು ಬಡಿಯುತ್ತಾರೆ. ಹಾಂಗ್ ಗಾಯ್‌ನಲ್ಲಿ ಮೊದಲು ಸೆಣಬಿನ ಹಗ್ಗ ಮಾರುತ್ತಿದ್ದರಂತೆ, ಈಗ ಬರೀ ರೇಷ್ಮೆ. ಮನೆಗಳು ಎದುರಿಗೆ ಮೂರು ಮೀಟರ್ ಅಗಲ, ಒಳಗೆ ಅರವತ್ತು ಮೀಟರ್ ಉದ್ದ ಇರುವುದೂ ಉಂಟು. ಬಸ್ಸಿನಲ್ಲಿ ಹೋಗುವವನಿಗೆ ಎದುರಿನ ಮೂರು ಮೀಟರ್ ಅಷ್ಟೇ ಕಾಣುತ್ತದೆ. ಒಬ್ಬರೇ ಹಾಯಬಹುದಾದ ಕತ್ತಲ ಓಣಿಯೊಳಗೆ ಆ ಹುಡುಗಿ ನುಗ್ಗಿದಾಗ ನಾವು ಸ್ವಲ್ಪ ಅಳುಕಿದೆವು. ಒಳಗೆ ನೋಡಿದರೆ ಅಂಗಳ, ಒಣಗಲು ಹಾಕಿದ ಬಟ್ಟೆ, ಟೀವಿ ನೋಡುತ್ತಿದ್ದ ಅಜ್ಜ, ಅವರ ಪಕ್ಕದಲ್ಲೇ ಒಂದು ತಿಂಡಿಯ ಒಲೆ.

ಇನ್ನೊಂದು ಮುಖ್ಯ ಸಂಗತಿ. ಹನೋಯ್‌ನ ಒಳ್ಳೆಯ ತಿಂಡಿ ಅಂಗಡಿಗಳಲ್ಲಿ ಮೆನು ಅನ್ನೋದೇ ಇರಲ್ಲ. ಒಂದು ಅಂಗಡಿ, ಒಂದೇ ತಿಂಡಿ. ನಾವು ಮೊದಲು ಕೂತದ್ದು ಬಾನ್ ಕುವಾನ್ ಮಾಡುವ ಹೆಂಗಸಿನ ಮುಂದೆ. ಕುದಿಯುವ ನೀರಿನ ಪಾತ್ರೆಯ ಬಾಯಿಗೆ ಬಿಗಿಯಾಗಿ ಬಟ್ಟೆ ಕಟ್ಟಿದ್ದಾರೆ. ಅದರ ಮೇಲೆ ನೀರಾದ ಅಕ್ಕಿ ಹಿಟ್ಟನ್ನು ಸೌಟಿನ ತಳದಿಂದ ಸವರಿ ಮುಚ್ಚಳ ಹಾಕುತ್ತಾರೆ. ಅರೆ ಗಳಿಗೆ ಬಿಟ್ಟು ಉದ್ದನೆಯ ಬಿದಿರು ಪಟ್ಟಿಯಿಂದ ಎತ್ತುತ್ತಾರೆ. ಆಚೆ ಬದಿ ಕಾಣುವಷ್ಟು ತೆಳ್ಳಗಿನ ಹಾಳೆ, ಹರಿಯುವುದೇ ಇಲ್ಲ! ಒಳಗೆ ಕೊಚ್ಚಿದ ಹಂದಿ ಮಾಂಸ ಮತ್ತು ಅಣಬೆ ಇಟ್ಟು ಸುತ್ತಿ, ಮೇಲೆ ಹುರಿದ ಈರುಳ್ಳಿ ಉದುರಿಸಿ ಕೊಡುತ್ತಾರೆ. ಮೊಣಕಾಲು ಗದ್ದಕ್ಕೆ ತಾಗುವಂಥ ಪುಟ್ಟ ಪ್ಲಾಸ್ಟಿಕ್ ಸ್ಟೂಲ್ ಮೇಲೆ ಕೂತು ತಿನ್ನಬೇಕು. ಮಂಡಿ ನೋವಿದ್ದವರು ಗೈಡ್‌ಗೆ ಮೊದಲೇ ಹೇಳಿಬಿಡಿ, ಕುರ್ಚಿ ಇರುವ ಅಂಗಡಿಗಳಿಗೆ ಕರೆದುಕೊಂಡು ಹೋಗುತ್ತಾರೆ.

ಫೋ ಬಗ್ಗೆ ಎಲ್ಲರೂ ಕೇಳಿರುತ್ತೀರಿ. ಅಕ್ಕಿಯ ಅಗಲ ನೂಡಲ್ಸ್, ಗಂಟೆಗಟ್ಟಲೆ ಕುದಿಸಿದ ಮೂಳೆಯ ಸಾರು. ಚಕ್ರಮೊಗ್ಗು, ಚಕ್ಕೆ, ಕೆಂಡದಲ್ಲಿ ಸುಟ್ಟ ಶುಂಠಿ ಮತ್ತು ಈರುಳ್ಳಿ ಬೀಳುತ್ತವೆ. ಆದರೂ ಸಾರು ತಿಳಿಯಾಗಿರುತ್ತದೆ, ಮಸಾಲೆ ಮುಖಕ್ಕೆ ಹೊಡೆಯಲ್ಲ. ಇದು ನೂರಾರು ವರ್ಷ ಹಳೆಯ ತಿನಿಸು ಅಂದುಕೊಳ್ಳಬೇಡಿ. ಹನೋಯ್ ಮತ್ತು ನಾಮ್ ದಿನ್ ಕಡೆ 20ನೇ ಶತಮಾನದ ಆರಂಭದಲ್ಲಿ ಹುಟ್ಟಿದ್ದು. ಅಲ್ಲಿಯವರೆಗೆ ದನ ಇದ್ದದ್ದು ಉಳುವುದಕ್ಕೆ. ಫ್ರೆಂಚರು ಬಂದು ದನದ ಮಾಂಸ ಕೇಳಿದ ಮೇಲೆ ಮೂಳೆ ಉಳಿಯತೊಡಗಿತು, ಮೂಳೆಯಿಂದ ಸಾರು ಬಂತು. ಅಡ್ಡೆ ಹೊತ್ತು ಬೀದಿ ಬೀದಿ ಸುತ್ತಿ ಮಾರುತ್ತಿದ್ದರು. ಕೋಳಿಯ ಫೋ ಬಂದದ್ದು ಆಮೇಲೆ. ನಾನು ತಿಂದದ್ದು ಅದನ್ನೇ.

ತಿನ್ನುವಾಗ ಹುಡುಗಿ ಅವಳ ಅಜ್ಜಿಯ ಕಾಲದ ಕಥೆ ಹೇಳಿದಳು. ಅಮೆರಿಕದ ಜೊತೆ ಯುದ್ಧ ನಡೆಯುವಾಗ ಸರ್ಕಾರಿ ಅಂಗಡಿಗಳಲ್ಲಿ ಮಾಂಸವೇ ಇಲ್ಲದ ಫೋ ಕೊಡುತ್ತಿದ್ದರು. ಆಕಾಶದಲ್ಲಿ ಅಮೆರಿಕದ ಪೈಲಟ್ ಇಲ್ಲದ ಬೇಹುಗಾರಿಕೆ ವಿಮಾನಗಳು ಹಾರುತ್ತಿದ್ದವು. ಜನ ಆ ಬೋಳು ಸಾರಿಗೆ "ಪೈಲಟ್ ಇಲ್ಲದ ಫೋ" ಅಂತ ಹೆಸರಿಟ್ಟರು! ಯುದ್ಧ ಮುಗಿದ ಮೇಲೂ ಕಷ್ಟ ಮುಗಿಯಲಿಲ್ಲ. 1986ರಲ್ಲಿ ಆರ್ಥಿಕ ನೀತಿ ಬದಲಾಗುವವರೆಗೆ ಅಕ್ಕಿ, ಮಾಂಸ, ಸೀಮೆಎಣ್ಣೆ ಎಲ್ಲಕ್ಕೂ ಕೂಪನ್. ಬೆಳಗಿನ ಜಾವ ಕ್ಯೂನಲ್ಲಿ ತಮ್ಮ ಬದಲು ಒಂದು ಇಟ್ಟಿಗೆ ಇಟ್ಟು ಹೋಗುತ್ತಿದ್ದರಂತೆ. ಮುಖ ಸಪ್ಪಗಿದ್ದರೆ ಈಗಲೂ "ಅಕ್ಕಿ ರೇಷನ್ ಪುಸ್ತಕ ಕಳೆದುಕೊಂಡವನ ಹಾಗಿದ್ದೀಯಲ್ಲ" ಅನ್ನುತ್ತಾರೆ. ಇಷ್ಟು ಕೇಳಿದ ಮೇಲೆ ಬಟ್ಟಲಲ್ಲಿ ಸಾರು ಬಿಡಲು ನನಗೆ ಮನಸ್ಸಾಗಲಿಲ್ಲ. ಇಂಥದ್ದು ಯಾವ ಇಂಡಿಯನ್ ಬಫೆಯಲ್ಲಿ ಸಿಗುತ್ತದೆ ಹೇಳಿ?

ಬುನ್ ಚಾ ಕೂಡ ಪ್ರಸಿದ್ಧ. ಇದ್ದಿಲ ಮೇಲೆ ಸುಟ್ಟ ಹಂದಿ ಮಾಂಸವನ್ನು ಬೆಚ್ಚಗಿನ ಹುಳಿ-ಸಿಹಿ ನೀರಿನಲ್ಲಿ ಮುಳುಗಿಸಿ ಕೊಡುತ್ತಾರೆ. ಜೊತೆಗೆ ಒಂದು ಬುಟ್ಟಿ ಸೊಪ್ಪು ಮತ್ತು ಬುನ್. ಬುನ್ ಅಂದರೆ ಥೇಟ್ ನಮ್ಮ ಒತ್ತು ಶ್ಯಾವಿಗೆ. ಅಕ್ಕಿ ಹಿಟ್ಟನ್ನು ಸ್ವಲ್ಪ ಹುಳಿ ಬರಿಸಿ ಕುದಿಯುವ ನೀರಿಗೆ ಒತ್ತುವುದೊಂದೇ ವ್ಯತ್ಯಾಸ. ಅಸಲಿಗೆ ಇದು ಮಧ್ಯಾಹ್ನದ ಊಟ. ಸಂಜೆ ತಿನ್ನಿಸುವುದು ನಿಮ್ಮಂಥವರಿಗಾಗಿ ಅಂತ ಹುಡುಗಿ ನಗುತ್ತಲೇ ಹೇಳಿದಳು. 2016ರಲ್ಲಿ ಒಬಾಮಾ ಮತ್ತು ಊರೂರು ಸುತ್ತಿ ತಿನ್ನುವ ಟೀವಿ ಶೋ ಮಾಡುತ್ತಿದ್ದ ಅಮೆರಿಕದ ಆಂಥೊನಿ ಬೋರ್ಡೇನ್ ಕೂತು ಬುನ್ ಚಾ ತಿಂದ ಅಂಗಡಿ ಇದೇ ಊರಿನಲ್ಲಿದೆ. ಅವರು ಕೂತ ಟೇಬಲ್ಲನ್ನು ಈಗ ಗಾಜಿನ ಪೆಟ್ಟಿಗೆಯೊಳಗೆ ಇಟ್ಟಿದ್ದಾರೆ. ಪ್ಲೇಟು, ಬಾಟಲಿ ಸಮೇತ. ಒಳ್ಳೆ ತಮಾಷೆ. ನಾವು ಹೋಗಲಿಲ್ಲ.

ಈಗ ಸಸ್ಯಾಹಾರಿಗಳ ವಿಷಯ. ಕಾಮೆಂಟಿನಲ್ಲಿ ಮೊದಲ ಪ್ರಶ್ನೆ ಇದೇ ಬರುತ್ತದೆ ಅಂತ ಗೊತ್ತು. ನನ್ನ ಜೊತೆಗಿದ್ದ ಗೆಳತಿ ಮೊಟ್ಟೆಯನ್ನೂ ಮುಟ್ಟದವಳು. ನಿಜ ಹೇಳುತ್ತೇನೆ, ಕಷ್ಟ ಇದೆ. ಮೀನಿಗೆ ಉಪ್ಪು ಹಾಕಿ ತಿಂಗಳುಗಟ್ಟಲೆ ಕೊಳೆಸಿ ತೆಗೆಯುವ ರಸ, ನುವೊಕ್ ಮಾಮ್, ಅಲ್ಲಿ ಉಪ್ಪಿನಷ್ಟೇ ಸಾಮಾನ್ಯ. ತೋಫು ಕೇಳಿದರೆ ತೋಫು ಬರುತ್ತದೆ, ಜೊತೆಗೆ ಸೀಗಡಿಯ ನೇರಳೆ ಬಣ್ಣದ ಗೊಜ್ಜೂ ಬರುತ್ತದೆ. ಅದರ ವಾಸನೆಗೆ ಮೀನು ತಿನ್ನುವ ನಾನೇ ಮುಖ ತಿರುಗಿಸಿದೆ. "ಮಾಂಸ ಬೇಡ" ಅಂದರೆ ಸಾಲದು.

ಹೇಳಬೇಕಾದ್ದು "ಚಾಯ್" ಅಂತ. ಅದು ಬೌದ್ಧರ ವ್ರತದ ಊಟ. ಚಾಂದ್ರಮಾನ ತಿಂಗಳ ಮೊದಲ ದಿನ ಮತ್ತು ಹದಿನೈದನೇ ದಿನ ಎಷ್ಟೋ ಜನ ಚಾಯ್ ಊಟವನ್ನೇ ಮಾಡುತ್ತಾರೆ. ಕಟ್ಟುನಿಟ್ಟಿನ ಚಾಯ್‌ನಲ್ಲಿ ಈರುಳ್ಳಿ, ಬೆಳ್ಳುಳ್ಳಿ ಕೂಡ ಇರಲ್ಲ! ನಮ್ಮ ಪ್ಯಾಕೇಜ್‌ನವರಿಗೆ ಇದು ಗೊತ್ತಿಲ್ಲವೋ, ಗೊತ್ತಿದ್ದೂ ಹೇಳಲ್ಲವೋ. ಮುಂಚೆಯೇ ಮೆಸೇಜ್ ಹಾಕಿದ್ದರಿಂದ ನಮ್ಮ ಗೈಡ್ ಗೆಳತಿಗೆ ಬೇರೆಯದೇ ದಾರಿ ಮಾಡಿಟ್ಟಿದ್ದಳು. ಅಣಬೆಯ ಸಾರಿನ ಚಾಯ್ ಫೋ. ಅರಿಶಿನ ಹಾಕಿ ಬೇಯಿಸಿದ ಅಂಟು ಅಕ್ಕಿಯ ಮೇಲೆ ಹೆಸರುಬೇಳೆ ಮುದ್ದೆಯನ್ನು ಚಾಕುವಿನಿಂದ ಹೆರೆದು ಹಾಕುವ ಸೋಯ್ ಸೆಯೊ, ಕೊಬ್ಬು ಹಾಕದೆ. ಕಾಳು, ತೆಂಗಿನ ಹಾಲು, ಐಸ್ ಸೇರಿಸಿದ ಚೆ ಅನ್ನೋ ಸಿಹಿ. ಕೊನೆಗೆ ನನಗಿಂತ ಜಾಸ್ತಿ ತಿಂದವಳು ಅವಳೇ.

ನನಗೆ ಎಲ್ಲಕ್ಕಿಂತ ಹೆಚ್ಚು ಕುತೂಹಲವಿದ್ದದ್ದು ಕಾಫಿಯ ಬಗ್ಗೆ. ನಮ್ಮದು ಸಕಲೇಶಪುರದ ಕಡೆ ಸಣ್ಣ ತೋಟ. ನಮ್ಮ ಮನೆಯಲ್ಲಿ ವಿಯೆಟ್ನಾಂ ಅನ್ನೋದು ಯುದ್ಧದ ಹೆಸರಲ್ಲ, ರೇಟಿನ ಹೆಸರು. 1990ರ ದಶಕದಲ್ಲಿ ಅವರು ಗುಡ್ಡಗಾಡಿನಲ್ಲಿ ರೊಬಸ್ಟಾ ಹಾಕುತ್ತಾ ಹೋಗಿ ಬ್ರೆಜಿಲ್ ಬಿಟ್ಟರೆ ತಾವೇ ಅನ್ನುವ ಮಟ್ಟಕ್ಕೆ ಬಂದರು. 2001ರ ಹೊತ್ತಿಗೆ ಜಗತ್ತಿನಲ್ಲೆಲ್ಲ ಕಾಫಿ ಬೆಲೆ ನೆಲಕಚ್ಚಿತು. ಆಮೇಲೆ ಕಾಳುಮೆಣಸಿನ ಕಥೆ. ಅದರಲ್ಲೂ ಜಗತ್ತಿಗೇ ಮೊದಲಿಗರು ಅವರೇ. ಅಗ್ಗದ ಮೆಣಸು ಒಳಗೆ ಬರುತ್ತಿದೆ ಅಂತ ಬೆಳೆಗಾರರು ಗಲಾಟೆ ಮಾಡಿದ ಮೇಲೆ 2017ರ ಡಿಸೆಂಬರ್‌ನಲ್ಲಿ ಕೇಂದ್ರ ಸರ್ಕಾರ ಆಮದಿಗೆ ಕೆಜಿಗೆ 500 ರೂಪಾಯಿ ಕನಿಷ್ಠ ಬೆಲೆ ಕಟ್ಟಿತು. ಅಪ್ಪ ಟೀವಿಯಲ್ಲಿ ವಿಯೆಟ್ನಾಂ ಹೆಸರು ಬಂದರೆ ಸಾಕು, ಚಾನೆಲ್ ಬದಲಿಸುತ್ತಿದ್ದರು. 2024ರಲ್ಲಿ ಅಲ್ಲಿ ಬರ ಬಂದು ರೊಬಸ್ಟಾ ರೇಟು ದಾಖಲೆ ಮುಟ್ಟಿದಾಗ ಅದೇ ಅಪ್ಪ ಅಲ್ಲಿಯ ಮಳೆ ಸುದ್ದಿಯನ್ನು ದಿನಾ ಕೇಳತೊಡಗಿದರು. ಅವರ ಬರ ನಮಗೆ ಸುಗ್ಗಿ. ನೆನೆದರೆ ಕಸಿವಿಸಿಯಾಗುತ್ತದೆ.

ಆ ರೊಬಸ್ಟಾವನ್ನು ಅವರು ಹೇಗೆ ಕುಡಿಯುತ್ತಾರೆ ಅಂತ ನೋಡಬೇಕಿತ್ತು. ಕಪ್ಪಿನ ಮೇಲೆ ಕೂರುವ ಫಿನ್ ಅನ್ನೋ ಪುಟ್ಟ ತಗಡಿನ ಫಿಲ್ಟರ್, ಅದರಿಂದ ಒಂದೊಂದೇ ಹನಿ ಬೀಳುವ ಕಪ್ಪು ಡಿಕಾಕ್ಷನ್, ತಳದಲ್ಲಿ ಕಂಡೆನ್ಸ್ಡ್ ಮಿಲ್ಕ್. ಕಾಫಿ ಗಿಡವನ್ನು 1857ರಲ್ಲಿ ಫ್ರೆಂಚ್ ಪಾದ್ರಿಗಳು ತಂದರು. ತಾಜಾ ಹಾಲಿಗೆ ಮಾತ್ರ ಆಗೆಲ್ಲ ಅಲ್ಲಿ ಬರ. ಅದೇ ಕಾರಣಕ್ಕೆ 1946ರಲ್ಲಿ ಮೆಟ್ರೋಪೋಲ್ ಹೋಟೆಲಿನಲ್ಲಿ ಕೆಲಸ ಮಾಡುತ್ತಿದ್ದ ನ್ಯೂಯೆನ್ ವಾನ್ ಜಾಂಗ್ ಎಂಬವರು ಹಾಲಿನ ಬದಲು ಮೊಟ್ಟೆಯ ಹಳದಿಯನ್ನು ಸಕ್ಕರೆ ಹಾಕಿ ನೊರೆ ಬರುವ ಹಾಗೆ ಕಡೆದು ಕಾಫಿಯ ಮೇಲೆ ಹಾಕಿದರು. ಅವರ ಮನೆಯವರ ಅಂಗಡಿ ನ್ಯೂಯೆನ್ ಹೂ ಹುವಾನ್ ಬೀದಿಯ ಓಣಿಯೊಳಗೆ ಇವತ್ತಿಗೂ ಇದೆ. ಆರಬಾರದು ಅಂತ ಕಪ್ಪನ್ನು ಬಿಸಿನೀರಿನ ಬಟ್ಟಲಲ್ಲಿ ಇಟ್ಟು ಕೊಡುತ್ತಾರೆ. ಹಸಿ ಮೊಟ್ಟೆಯ ವಾಸನೆ ಒಂದಿಷ್ಟೂ ಇಲ್ಲ. ಕೆಳಗಿನ ಕಾಫಿ ಮಾತ್ರ ಗಂಟಲಿಗೆ ಹೊಡೆಯುವಷ್ಟು ಕಟು, ಅಪ್ಪಟ ರೊಬಸ್ಟಾ. "ನಮ್ಮ ತೋಟದಲ್ಲೂ ಇದೇ ಇದೆ" ಅಂದಾಗ ಹುಡುಗಿಗೆ ನಂಬಿಕೆಯೇ ಬರಲಿಲ್ಲ. ಭಾರತ ಅಂದರೆ ಬರೀ ಟೀ ಅಂದುಕೊಂಡಿದ್ದಳು. ತೋಟದ ಫೋಟೋ ತೋರಿಸಿದೆ. ಮೆಣಸಿನ ಬಳ್ಳಿಯನ್ನು ಬದುಕಿರುವ ಮರಕ್ಕೆ ಯಾಕೆ ಹಬ್ಬಿಸುತ್ತೀರಿ ಅಂತ ಕೇಳಿದಳು. ತಿಂಡಿ ಟೂರು ಅಲ್ಲಿಂದ ಮುಂದೆ ಕೃಷಿ ಮೇಳವಾಯಿತು, ಜೊತೆಗಿದ್ದ ಆಸ್ಟ್ರೇಲಿಯಾದ ದಂಪತಿ ಪಾಪ ಸುಮ್ನೆ ಕೇಳುತ್ತಾ ಕೂತರು.

ಕೊನೆಗೆ ನಡೆದದ್ದು ಹಾಂಗ್ ಮಾ ಬೀದಿಯಲ್ಲಿ. ಅಲ್ಲಿ ಬರೀ ಕಾಗದದ ಸಾಮಾನು. ಕಾಗದದ ಅಂಗಿ, ಚಪ್ಪಲಿ, ಸ್ಕೂಟರ್, ಐಫೋನ್, ಕಂತೆ ಕಂತೆ ಡಾಲರ್. ತೀರಿಕೊಂಡ ಹಿರಿಯರಿಗೆ ತಲುಪಲಿ ಅಂತ ಸುಡುತ್ತಾರೆ. "ಅಜ್ಜನಿಗೆ ಫೋನ್ ಬಳಸಲು ಬರುತ್ತಾ?" ಅಂತ ಗೆಳತಿ ಕೇಳಿದಳು. "ಅಲ್ಲಿ ಈಗಾಗಲೇ ಬೇಕಾದಷ್ಟು ಜನ ಕಲಿತಿರುತ್ತಾರೆ, ಹೇಳಿಕೊಡುತ್ತಾರೆ" ಅಂದಳು ಹುಡುಗಿ, ನಗದೆ.

ಎಲ್ಲಾ ಫುಡ್ ಟೂರುಗಳೂ ಹೀಗೇ ಇರುತ್ತವೆ ಅಂತ ನಾನು ಹೇಳಲ್ಲ. ಇಪ್ಪತ್ತು ಜನರನ್ನು ಬಾವುಟ ಹಿಡಿದು ಎಳೆದುಕೊಂಡು ಹೋಗುವವರನ್ನೂ ನೋಡಿದೆ. ಸ್ಥಳೀಯರು ಒಬ್ಬರೂ ಕೂರದ ಅಂಗಡಿಯಲ್ಲಿ ಕೂರಿಸಿ, ರೈಲು ಹಳಿಯ ಪಕ್ಕ ಸೆಲ್ಫಿ ತೆಗೆಸಿ ಮುಗಿಸುತ್ತಾರೆ. ಆರೆಂಟು ಜನಕ್ಕಿಂತ ಹೆಚ್ಚಿದ್ದರೆ ಹೋಗಬೇಡಿ. ಇಂಗ್ಲಿಷ್ ರೂಢಿಯಾಗಲಿ ಅಂತ ಕಾಲೇಜು ಮಕ್ಕಳು ದುಡ್ಡು ತೆಗೆದುಕೊಳ್ಳದೆ ಕರೆದುಕೊಂಡು ಹೋಗುವ ವಾಕ್‌ಗಳೂ ಇವೆ, ಅವೂ ಒಳ್ಳೆಯವೇ. ಆದರೆ ದುಡ್ಡು ಕೊಟ್ಟು ಬುಕ್ ಮಾಡುವಾಗ ದಯವಿಟ್ಟು ಚೌಕಾಸಿ ಮಾಡಬೇಡಿ. "ಒಂದು ಬಟ್ಟಲು ಫೋಗೆ ಐವತ್ತು ಸಾವಿರ ಡಾಂಗ್, ನಮ್ಮ ಲೆಕ್ಕದಲ್ಲಿ 170 ರೂಪಾಯಿ, ಟೂರಿಗೆ ಯಾಕೆ ಅಷ್ಟು ಕೊಡಬೇಕು?" ಅಂತ ಲೆಕ್ಕ ಹಾಕುವವರಿಗೆ ಒಂದು ಮಾತು. ನೀವು ಕೊಡುತ್ತಿರುವುದು ಫೋಗಲ್ಲ. ಆ ಕತ್ತಲ ಓಣಿಯೊಳಗೆ ಧೈರ್ಯವಾಗಿ ನುಗ್ಗಿದ್ದಕ್ಕೆ, ಒಲೆಯ ಮುಂದಿನ ಹೆಂಗಸಿನ ಹತ್ತಿರ ನಿಮ್ಮ ಪರವಾಗಿ ಮಾತಾಡಿದ್ದಕ್ಕೆ.

ಹೋಗುವವರಿಗೆ ಇನ್ನೆರಡು ಮಾತು. ಮಧ್ಯಾಹ್ನ ಹೆಚ್ಚು ತಿನ್ನಬೇಡಿ. ಸಣ್ಣ ನೋಟು ಇಟ್ಟುಕೊಳ್ಳಿ. ಅಡ್ಡೆ ಹೊತ್ತ ಹಣ್ಣಿನವರು ನಗುನಗುತ್ತಾ ನಿಮ್ಮ ಹೆಗಲಿಗೆ ಅಡ್ಡೆ, ತಲೆಗೆ ಟೋಪಿ ಇಟ್ಟರೆ ಫೋಟೋಗೆ ದುಡ್ಡು ಕೇಳುತ್ತಾರೆ ಅಂತ ಗೊತ್ತಿರಲಿ. ಚಟ್ನಿಪುಡಿ, ಚಕ್ಕುಲಿ ಒಯ್ಯಬೇಡಿ ಅಂತ ನಾನಂತೂ ಹೇಳಲ್ಲ, ನಮ್ಮ ಬ್ಯಾಗಿನಲ್ಲೂ ಇದ್ದವು. ಹಾ ಲಾಂಗ್‌ಗೆ ಹೋಗುವ ಬಸ್ಸಿನಲ್ಲಿ ತಿನ್ನಿ.